ಹಸಿ ಗೊಬ್ಬರದ ಕಾವು

ಈಗಲೂ ಕೋಳಿಗೊಬ್ಬರದ ಘಾಟು ಮೂಗಿಗೆ ಬಡಿದರೆ ಕುರುಗೋಡಿನ ಆ ಮಧ್ಯಾಹ್ನ ನೆನಪಾಗುತ್ತದೆ.

ಕೋಳಿ ನಮ್ಮ ಹೊಸ್ತಿಲು ತುಳಿಯುವಂತಿರಲಿಲ್ಲ. ಅದರ ಗೊಬ್ಬರ ಮಾತ್ರ ಹಿತ್ತಲಿನ ಬದನೆ ಗಿಡಗಳಿಗೆ ಬೇಕಾಗಿತ್ತು. ಕೋಳಿ ಸಾಕಿದ್ದ ಹುಲಿಗೆಮ್ಮ ಅದನ್ನು ತಂದು ಬೇಲಿಯಾಚೆಯಿಂದಲೇ ಸುರಿದು ಹೋಗುತ್ತಿದ್ದಳು. ಅಂದು ಅಜ್ಜಿ ಹಳೆಯ ಗೊಬ್ಬರವನ್ನು ಬರಿಗೈಯಿಂದಲೇ ಪುಡಿ ಮಾಡಿ ಗಿಡಗಳ ಬುಡಕ್ಕೆ ಹಾಕುತ್ತಿದ್ದಳು. ನಾನು ಹೊಸ ರಾಶಿಯೊಳಗೆ ಕೈ ತೂರಿಸಿದೆ. ಬೆಚ್ಚಗಿತ್ತು!

“ಅಜ್ಜಿ, ಇದಕ್ಕ ಜ್ವರ ಬಂದೈತೇನು?”

“ಕೈ ತಗೀಲೇ. ಹಸಿ ಗೊಬ್ಬರದಾಗ ಕಾವು ಇರತೈತಿ, ಅದು ಆರೋ ತನಕ ಮುಟ್ಟಬಾರದು. ಈಗ್ಲೇ ಹಾಕಿದ್ರ ಗಿಡ ಸುಟ್ಟು ಹೋಗತೈತಿ.”

ಅಷ್ಟರಲ್ಲಿ ಹುಲಿಗೆಮ್ಮ ಬದನೆಕಾಯಿಗೆಂದು ಬಂದು ಬೇಲಿಯಾಚೆಯೇ ನಿಂತು ಸೆರಗೊಡ್ಡಿದಳು. ಅಜ್ಜಿ ಆಕೆಗೆ ತಾಕದಂತೆ ಮೇಲಿನಿಂದ ಒಂದೊಂದೇ ಕಾಯಿ ಬೀಳಿಸತೊಡಗಿದಳು.

“ಹುಲಿಗೆಮ್ಮನ ಮೈಯಾಗೂ ಕಾವು ಐತೇನಜ್ಜಿ?”

ಅಜ್ಜಿಯ ಕೈ ಬೇಲಿಯ ಮೇಲೇ ನಿಂತುಬಿಟ್ಟಿತು.