ತಡವರಿಸುವ ಗಂಡ

ಧಾರಾವಾಹಿಗಳಲ್ಲಿ ಗಂಡಂದಿರ ಪಾತ್ರವನ್ನು ಯಂತ್ರಗಳೇ ಮಾಡತೊಡಗಿ ಬಹಳ ಕಾಲವಾಗಿತ್ತು. ಹಿರಿಯ ನಟಿ ಸರ್ವಮಂಗಳಾ ಅವರ ತೆರೆಯ ಮೇಲಿನ ಗಂಡ ರಾಯರೂ ಅಂಥದೊಂದು ಹಳೆಯ ಯಂತ್ರವೇ. ಈ ಸಲದ ಅತ್ಯುತ್ತಮ ಜೋಡಿ ಪ್ರಶಸ್ತಿ ಅವರಿಬ್ಬರಿಗೆ ಬಂದಿತ್ತು.

ವೇದಿಕೆಯ ಪಕ್ಕದಲ್ಲಿ ನಿರ್ದೇಶಕ ಪಿಸುಗುಟ್ಟಿದ. "ಮೇಡಂ, ನಾಳೆಯಿಂದ ಹೊಸ ರಾಯರು ಬರ್ತಾರೆ. ಇದು ಡೈಲಾಗ್ ಮಧ್ಯೆ ತಡವರಿಸಿ ಟೇಕ್ ಎಲ್ಲಾ ಹಾಳು ಮಾಡುತ್ತೆ."

"ಪಾಪ, ಇವರಿಗೂ ವಯಸ್ಸಾಯ್ತಲ್ಲಪ್ಪಾ," ಎನ್ನುತ್ತ ಸರ್ವಮಂಗಳಾ ರಾಯರ ಶಾಲು ಸರಿಪಡಿಸಿದರು. "ನಡೀರಿ, ಕರೀತಿದಾರೆ."

ಪ್ರಶಸ್ತಿ ಕೈಗೆ ಬಂತು. ಮೈಕಿನ ಮುಂದೆ ನಿಂತರೆ, ಬೆಳಗಿನಿಂದ ಉರುಹೊಡೆದಿದ್ದ ಭಾಷಣದ ಒಂದು ಮಾತೂ ಸರ್ವಮಂಗಳಾ ಅವರಿಗೆ ನೆನಪಾಗಲಿಲ್ಲ. ಸಭೆ ಕಾಯುತ್ತಿತ್ತು.

ರಾಯರು ಜೋರಾಗಿ ಕೆಮ್ಮಿದರು. "ಕ್ಷಮಿಸಿ, ನಾನು ನನ್ನ ಮಾತು ಮರೆತೆ. ಇನ್ನೊಂದ್ ಸಲ ಹೋಗೋಣ್ವಾ?"

ಸಭೆ ನಕ್ಕಿತು. ಸರ್ವಮಂಗಳಾ ನಗಲಿಲ್ಲ. ಇವತ್ತು ರಾಯರಿಗೆ ಆಡಬೇಕಾದ ಮಾತೇ ಇರಲಿಲ್ಲ. ಸೆಟ್ಟಿನಲ್ಲೂ ಅವರು ಕೆಮ್ಮುತ್ತಿದ್ದದ್ದು, ತಡವರಿಸುತ್ತಿದ್ದದ್ದು ಯಾವಾಗ ಎಂಬುದು ಆಕೆಗೆ ಈಗ ಒಂದೊಂದಾಗಿ ಹೊಳೆಯಿತು.

ಆಕೆ ರಾಯರ ಕೈ ಹಿಡಿದುಕೊಂಡು, ಮೈಕಿನಲ್ಲೇ ನಿರ್ದೇಶಕನಿಗೆ ಹೇಳಿದರು: "ಡೈಲಾಗ್ ಮರೀತಿದ್ದೋಳು ನಾನು ಕಣಪ್ಪಾ. ಇವರಲ್ಲ."

ರಾಯರು ಮತ್ತೆ ಕೆಮ್ಮತೊಡಗಿದರು.

"ಸಾಕು, ಸುಮ್ನಿರಿ," ಎಂದರು ಸರ್ವಮಂಗಳಾ, ಶಾಲಿನ ತುದಿಯಿಂದ ಕಣ್ಣೊರೆಸಿಕೊಳ್ಳುತ್ತ.