ಟೋಪಿಯಮ್ಮನ ಒಳಕೋಣೆ

"ಒಳಗೆ ಯಾರೋ ಹೆಂಗಸು ನರಳ್ತಿದ್ದಾಳೆ. ನನ್ನ ಕಿವಿಯಾರೆ ಕೇಳಿದೀನಿ," ಎಂದಳು ಪಕ್ಕದ ಮನೆಯ ಟೈಲರಮ್ಮ. ಠಾಣೆಗೆ ಅವಳು ಬಂದದ್ದು ಇದು ಮೂರನೆಯ ಸಲ. ಈ ಬಾರಿ ಪೇದೆ ಲಾಠಿ ಎತ್ತಿಕೊಂಡ.

ಹೊಳೆದಂಡೆಯ ಕಡೇ ಮನೆಯ ಟೋಪಿಯಮ್ಮನ ಮೇಲೆ ಊರಿಗೆ ಮೊದಲಿನಿಂದಲೂ ಗುಮಾನಿಯೇ. ಎಲ್ಲಿಂದ ಬಂದಳೋ, ಯಾರ ಪೈಕಿಯೋ ಗೊತ್ತಿಲ್ಲ. ತಲೆಯ ಮೇಲೆ ಗಂಡಸರ ಟೋಪಿ. ಮೀನುಗಳ ಜೊತೆ ಮಾತು. ನಡುವಯಸ್ಸು ದಾಟಿದರೂ ದಿನಾ ಹೊಳೆಯಲ್ಲಿ ಈಜು. ಜನ ಮುಸಿಮುಸಿ ನಕ್ಕರೆ ಟೋಪಿ ಎತ್ತಿ ತಾನೂ ನಗುತ್ತಿದ್ದಳು. ಒಂದು ತಿಂಗಳಿಂದ ಆ ನಗುವೂ ಇಲ್ಲ. ಕಿಟಕಿಗಳಿಗೆ ಹಲಗೆ ಬಡಿದಿದ್ದಾಳೆ. ಒಂಟಿ ಹೆಂಗಸು ಇಬ್ಬರಿಗಾಗುವಷ್ಟು ಹಾಲು ಕೊಳ್ಳುತ್ತಾಳೆ. ಹಿತ್ತಿಲ ತಂತಿಯ ಮೇಲೆ ರಕ್ತದ ಕಲೆಯಿದ್ದ ಬಟ್ಟೆಯನ್ನು ಟೈಲರಮ್ಮ ಕಣ್ಣಾರೆ ಕಂಡಿದ್ದಳು.

"ನೀವೂ ಬನ್ನಿ ಡಾಕ್ಟ್ರೇ. ಏಟುಗೀಟು ಬಿದ್ದಿದ್ರೆ ನೋಡೋರು ಬೇಕಲ್ಲ," ಎಂದು ಪೇದೆ ಕರೆದಾಗ ಡಾಕ್ಟರು ತಕ್ಷಣ ಎದ್ದರು. ದೇವರಂಥ ಮನುಷ್ಯ. ಹೆಂಡತಿ ಹೊಳೆಪಾಲಾದ ದುಃಖ ನುಂಗಿಕೊಂಡು, ಒಂದು ದಿನವೂ ಕ್ಲಿನಿಕ್ಕು ಮುಚ್ಚದವರು.

ಟೋಪಿಯಮ್ಮ ಮಚ್ಚು ಹಿಡಿದು ಬಾಗಿಲಿಗೆ ಅಡ್ಡ ನಿಂತಿದ್ದಳು.

"ಇನ್ನೆರಡು ದಿನ ಬಿಡಿ. ನಾನೇ ಊರು ಬಿಟ್ಟು ಹೋಗ್ತೀನಿ."

"ಒಳಗಿರೋರು ಯಾರು?" ಪೇದೆ ಗದರಿದ.

"ಹೇಳಲ್ಲ ಅಂತ ಮಾತು ಕೊಟ್ಟಿದೀನಿ. ಈ ಬಾಗಿಲು ತೆಗೆದ್ರೆ ಒಂದು ಜೀವ ಹೋಗುತ್ತೆ, ನೋಡಿ."

"ಕೇಳಿಸ್ಕೊಂಡ್ರಾ? ಕೊಲೆ ಬೆದರಿಕೆ!" ಟೈಲರಮ್ಮ ಕಿರುಚಿದಳು.

ಪೇದೆ ಮಚ್ಚು ಕಿತ್ತೆಸೆದು ಟೋಪಿಯಮ್ಮನ ತೋಳು ತಿರುಚಿದ. ಜನ ಒಳನುಗ್ಗಿದರು. ಗುಂಪಿನ ಹಿಂದಿದ್ದ ಡಾಕ್ಟರನ್ನು ಕಂಡದ್ದೇ ತಡ, ಅವಳು ಅರಚತೊಡಗಿದಳು. ಒದ್ದಳು, ಕಚ್ಚಿದಳು. ಪೇದೆ ಅವಳ ಬಾಯಿಗೆ ಅಂಗೈ ಒತ್ತಿ ಗೋಡೆಗೆ ಅದುಮಿ ಹಿಡಿದ.

ಡಾಕ್ಟರು ಒಳಕೋಣೆಯ ಬಾಗಿಲು ತಳ್ಳಿ ಇಣುಕಿದರು. ಅರೆಗಳಿಗೆ ಹಾಗೇ ನಿಂತರು. ಆಮೇಲೆ ಇತ್ತ ತಿರುಗಿ, ರೋಗಿಗಳೊಡನೆ ಆಡುವ ಅದೇ ಮೃದು ದನಿಯಲ್ಲಿ, "ಪಾಪ, ತುಂಬಾ ಹೆದರಿದ್ದಾಳೆ. ನೀವ್ಯಾರೂ ಬರ್ಬೇಡಿ, ನಾನು ನೋಡ್ಕೋತೀನಿ," ಎಂದರು.

ಒಳಗಿನಿಂದ ಚಿಲಕ ಬಿತ್ತು. ಒಂದು ಕೂಗು ಎದ್ದು, ಅರ್ಧಕ್ಕೇ ನಿಂತಿತು.

"ಸದ್ಯ, ಸಮಾಧಾನ ಆಯ್ತು ಅನ್ಸುತ್ತೆ," ಎಂದು ಟೈಲರಮ್ಮ ಕಣ್ಣೊರೆಸಿಕೊಂಡಳು. ಪೇದೆಯೂ ಉಸಿರುಬಿಟ್ಟು, ಟೋಪಿಯಮ್ಮನ ಬಾಯಿಂದ ಕೈ ತೆಗೆದ.

"ಬಾಗಿಲು ಒಡೀರೋ! ಒಳಗಿರೋದು ಅವನ ಹೆಂಡತಿ. ಅವಳನ್ನ ಹೊಳೆಗೆ ತಳ್ಳಿದವನೇ ಅವನು!"