ಬಣ್ಣ ಒಣಗುವ ಮೊದಲು

ದೇವರಾಣೆಗೂ ಇದು ನಡೆದದ್ದೇ. ಸುಳ್ಳಾದರೆ ನನ್ನ ನಾಲಿಗೆಗೇ ಸುಣ್ಣ ಬಳಿಯಿರಿ. ಬಣ್ಣ ಬಳಿಯುವ ದಡಬಡಣ್ಣ ಅಟ್ಟದಿಂದ ಇಳಿಸಿದ ಹಳೇ ಡಬ್ಬದ ಮುಚ್ಚಳವನ್ನು ಸ್ಕ್ರೂಡ್ರೈವರಿನಿಂದ ಎಬ್ಬಿಸಿದ. ಒಳಗಿದ್ದ ಬಣ್ಣ ಥೇಟ್ ಕನಸಿನ ಹಾಗಿತ್ತು. ನೋಡುವಾಗ ಕಣ್ಣಿಗೆ ಕಟ್ಟುತ್ತಿತ್ತು, ಮುಖ ತಿರುಗಿಸಿದರೆ ಯಾವ ಬಣ್ಣ ಎಂಬುದೇ ಮರೆತು ಹೋಗುತ್ತಿತ್ತು. ಹಿಂದಿನ ಕೋಣೆಗೆ ಅದೇ ಸಾಕು ಎಂದು ಮನೆ ಯಜಮಾನರು ಹೇಳಿ ಹೋಗಿದ್ದರು.

"ರೀ, ಮೊದ್ಲು ಮೂಲೇಲಿ ಒಂಚೂರು ಹಚ್ಚಿ ನೋಡಿ" ಎಂದಳು ಹೆಂಡತಿ. ಗಂಡನ ಜೊತೆ ಗೋಡೆ ಉಜ್ಜಿ ಉಜ್ಜಿ ಆಕೆಯ ಕೈಯ ಗೆರೆಗಳೇ ಸವೆದಿದ್ದವು.

"ಮೂಲೆಗೂ ಮುಹೂರ್ತ ಇಡ್ಬೇಕೇನೇ?" ಎಂದವನೇ ಅರ್ಧ ಗೋಡೆ ಬಳಿದೇಬಿಟ್ಟ.

ಆ ಹಸಿ ಬಣ್ಣಕ್ಕೆ ಒರಗಿದ್ದ ಮರದ ಏಣಿಯ ತುದಿಯಲ್ಲಿ ಹಸಿರು ಚಿಗುರೊಡೆಯಿತು. ಕೈ ಒರೆಸುವ ಚಿಂದಿ ಗೋಡೆಗೆ ಸೋಕಿದ್ದೇ ತಡ, ಅದಕ್ಕೆ ತೋಳು ಬಂತು, ಜೇಬು ಬಂತು, ಕಾಲರಿಗೆ ಗುಂಡಿ ಬಂತು. ದಡಬಡಣ್ಣ ಯಾವ ಕಾಲದಲ್ಲೋ ತೊಟ್ಟು ಹರಿದ ಅಂಗಿ! ಹೆಂಡತಿ ಗಾಬರಿಬಿದ್ದು ಅದಕ್ಕೆ ಟರ್ಪಂಟೈನ್ ಸುರಿದು ತಿಕ್ಕಿದಳು. ತೋಳು, ಜೇಬು ಎಲ್ಲ ಹೋಗಿ ಮತ್ತೆ ಚಿಂದಿಯಾಯಿತು. ಆದರೆ ಕಾಲರಿನ ಹತ್ತಿರ ಬಣ್ಣ ಆಗಲೇ ಒಣಗಿತ್ತು. ಆ ಗುಂಡಿ ಮಾತ್ರ ಎಷ್ಟು ತಿಕ್ಕಿದರೂ ಜಪ್ಪಯ್ಯ ಅನ್ನಲಿಲ್ಲ.

"ನೋಡಿದ್ರಾ? ಒಣಗಿತೋ, ಕಥೆ ಮುಗೀತು. ಇನ್ನು ಮುಟ್ಬೇಡಿ" ಎಂದು ಆಕೆ ತಲೆಯೆತ್ತುವಷ್ಟರಲ್ಲಿ, ದಡಬಡಣ್ಣ ಒಂದು ಬೊಗಸೆ ಬಣ್ಣವನ್ನು ಎಣ್ಣೆ ತಿಕ್ಕಿದ ಹಾಗೆ ತನ್ನ ಬೋಳುತಲೆಗೆ ತಿಕ್ಕಿಕೊಂಡಾಗಿತ್ತು.

ಕೂದಲು ಬಂತು. ಬರೀ ಕೂದಲು ಬಂದಿದ್ದರೆ ಆಕೆಯೂ ಬೇಡ ಅನ್ನುತ್ತಿರಲಿಲ್ಲ. ಹೊಟ್ಟೆ ಕರಗಿತು, ಮೀಸೆ ಕಪ್ಪಾಯಿತು, ಪ್ಯಾಂಟು ಸೊಂಟದಿಂದ ಜಾರಿತು. ಅದನ್ನು ಒಂದು ಕೈಯಲ್ಲಿ ಹಿಡಿದುಕೊಂಡು ನಿಂತ ತರುಣ ಆಕೆಯನ್ನು ಮೇಲಿನಿಂದ ಕೆಳಗೆ ನೋಡಿ ಕೇಳಿದ: "ಆಂಟಿ, ಇದು ಯಾರ ಮನೆ?"

ಆಂಟಿ! ಬೆಳಿಗ್ಗೆ ತಾನೇ ಚಹಾಕ್ಕೆ ಸಕ್ಕರೆ ಕಮ್ಮಿಯೆಂದು ಮುಖ ಊದಿಸಿಕೊಂಡಿದ್ದ ಗಂಡ, ಈಗ ಗುರುತೇ ಇಲ್ಲದವನ ಹಾಗೆ ನಿಂತಿದ್ದಾನೆ. ಅವನ ಕಿವಿಯ ಹಿಂದೆ ಬಣ್ಣದ ಹಸಿ ಹೊಳಪು ಆಗಲೇ ಆರುತ್ತಿದೆ. ಓಡಿಹೋಗಿ ಫ್ಯಾನು ನಿಲ್ಲಿಸಿದಳು, ಕಿಟಕಿ ಮುಚ್ಚಿದಳು.

"ಸ್ವಲ್ಪ ಕೂತ್ಕೊಳಪ್ಪಾ, ತಲೆಗೆ ಬಣ್ಣ ಮೆತ್ಕೊಂಡಿದೆ. ಒರೆಸ್ತೀನಿ."

"ಟೈಮಿಲ್ಲ ಆಂಟಿ. ಟೈಲರ್ ಅಂಗಡಿ ಹತ್ರ ಒಬ್ರು ಕಾಯ್ತಿದಾರೆ."

"ಯಾರದು?"

ಅವನು ನಾಚಿ ನೆಲ ನೋಡಿದ. ಇಷ್ಟು ವರ್ಷದ ಸಂಸಾರದಲ್ಲಿ ಆ ನಾಚಿಕೆಯನ್ನು ಆಕೆ ಒಂದು ದಿನವೂ ಕಂಡಿರಲಿಲ್ಲ. ಟೈಲರ್ ಅಂಗಡಿ ಹತ್ತಿರ ಆಕೆ ಜನ್ಮದಲ್ಲಿ ಯಾರಿಗೂ ಕಾದವಳಲ್ಲ.

ಡಬ್ಬದಲ್ಲಿ ಇನ್ನೂ ಬಣ್ಣವಿತ್ತು. ತಾನೂ ಒಂದು ಬೊಗಸೆ ಹಚ್ಚಿಕೊಂಡರೆ? ತಾನೂ ಹುಡುಗಿಯಾಗಿಬಿಡಬಹುದು. ಆದರೆ ಆಗ ಇವನು ಯಾರೆಂದು ತನಗೂ ತಿಳಿಯುವುದಿಲ್ಲ. ಇವನೊಂದು ದಿಕ್ಕು, ತಾನೊಂದು ದಿಕ್ಕು. ಶಾಲೆ ಬಿಟ್ಟು ಬರುವ ಮಕ್ಕಳು ಯಾರ ಮನೆಯ ಬಾಗಿಲು ತಟ್ಟಬೇಕು? ಚಾಚಿದ ಕೈಯನ್ನು ಹಿಂದಕ್ಕೆ ಎಳೆದುಕೊಂಡಳು. ಅಷ್ಟರಲ್ಲಿ ಅವನು ಹೊಸ್ತಿಲ ಹತ್ತಿರ ಹೋಗಿಯಾಗಿತ್ತು.

"ಹೋಗಪ್ಪ, ಹೋಗು. ತಲೆ ಮೇಲೆ ಕಾಗೆ ಹಿಕ್ಕೆ ಹಾಕಿದ ಹಾಗಿದೆ. ಅವಳು ಬಿದ್ದು ಬಿದ್ದು ನಕ್ರೆ ನನ್ನ ಬೈಬೇಡ."

ಅವನು ನಿಂತ. ಕೂದಲು ಮುಟ್ಟಿ ನೋಡಿಕೊಂಡ. ವಾಪಸ್ಸು ಬಂದು ತಲೆ ಬಗ್ಗಿಸಿದ. "ಬೇಗ ಒರೆಸಿಬಿಡಿ ಆಂಟಿ, ಪ್ಲೀಸ್."

ಆಕೆ ಟರ್ಪಂಟೈನ್ ಬಾಟಲಿಯನ್ನೇ ಬೋರಲು ಹಾಕಿದಳು. ಗೋಡೆ ಉಜ್ಜಿ ಪಳಗಿದ ಕೈ, ಉಜ್ಜಿದಳು ನೋಡಿ! ಕೂದಲು ಹೋಯಿತು, ಹೊಟ್ಟೆ ಬಂತು, ಪ್ಯಾಂಟು ತಾನೇ ತಾನಾಗಿ ನಿಂತಿತು. "ಅಯ್ಯೋ, ಚರ್ಮ ಕಿತ್ತು ಬರುತ್ತೆ ಕಣೇ, ಬಿಡೇ!" ಎಂದು ಹಳೇ ಗಂಡ ಅರಚಿಕೊಂಡ. ಆ 'ಕಣೇ' ಕಿವಿಗೆ ಬಿದ್ದದ್ದೇ ಆಕೆ ನೆಲದ ಮೇಲೆ ಕುಸಿದು ಕೂತು ನಕ್ಕಳು, ಅತ್ತಳು, ಸೆರಗಿನಲ್ಲಿ ಮೂಗು ಒರೆಸಿಕೊಂಡಳು. ಅವನ ಕಿವಿಯ ಹಿಂದೆ ಮಾತ್ರ ಬಣ್ಣ ಒಣಗಿಹೋಗಿತ್ತು. ಅಲ್ಲೊಂದು ಗುಂಗುರು ಎಳೆ ಕರ್ರಗೆ ಉಳಿದುಬಿಟ್ಟಿತು.

"ಈಗ ಹೇಳಿ" ಎಂದಳು ಆಮೇಲೆ, ತಣ್ಣಗೆ. "ಟೈಲರ್ ಅಂಗಡಿ ಹತ್ರ ಯಾರು ಕಾಯ್ತಿದ್ಲು?"

ದಡಬಡಣ್ಣ ಕಿವಿಯ ಹಿಂದಿನ ಆ ಎಳೆಯನ್ನು ಮುಟ್ಟಿಕೊಂಡ. ಏಣಿ ಹತ್ತಿ, ಬಳಿಯಲು ಯಾರೂ ಹೇಳದ ಸೀಲಿಂಗಿಗೆ, ಜನ್ಮದಲ್ಲಿ ಮೊದಲ ಸಲ ನಿಧಾನವಾಗಿ, ಸುಣ್ಣ ಬಳಿಯತೊಡಗಿದ.

ನಗಬೇಡಿ ಸ್ವಾಮಿ. ಆ ಡಬ್ಬ ಈಗ ಎಲ್ಲಿದೆ ಎಂದು ನನಗೆ ಗೊತ್ತು, ಹೇಳುತ್ತೇನೆ. ಆದರೆ ನಿಮಗಾಗಿ ಯಾವ ಅಂಗಡಿ ಹತ್ತಿರ ಯಾರು ಕಾಯುತ್ತಿದ್ದರು, ಅದನ್ನು ಮೊದಲು ನೀವು ಹೇಳಿ. ಮೆಲ್ಲಗಲ್ಲ, ಒಳಗಿರುವ ನಿಮ್ಮ ಮನೆಯವರಿಗೂ ಕೇಳಿಸಲಿ.